ಓಂಕಾರಪ್ಪನ ಮುಖ ತೊಳೆದದ್ದು

ನನ್ನ ಗಂಡನಿಗೆ ಮುಖ ತೊಳೆದುಕೊಳ್ಳಿ ಎಂದು ಹೇಳಿ ಹೇಳಿ ನನ್ನ ಬಾಯಿ ಸವೆದುಹೋಗಿದೆ. ಬೇರೆ ಊರುಗಳಲ್ಲಿ ಗಂಡಸರು ಮುಖ ತೊಳೆಯದಿದ್ದರೆ ಕಣ್ಣಿನ ಮೂಲೆಯಲ್ಲಿ ಗೀಜು ಉಳಿಯುತ್ತದಂತೆ, ಅಷ್ಟೇ. ನಮ್ಮೂರಿನಲ್ಲಿ ಅಷ್ಟಕ್ಕೇ ಮುಗಿಯುವುದಿಲ್ಲ. ಇಲ್ಲಿ ದಿನವೂ ಆರೈಕೆ ಮಾಡದ ಮುಖ ಎದುರಿಗೆ ಕೂತವರ ಮುಖದ ಕಡೆಗೆ ಸರಿಯುತ್ತದೆ. ಮೊದಲು ಹುಬ್ಬು, ಆಮೇಲೆ ಮೂಗು, ಆಮೇಲೆ ಬಾಯಿಯ ಅಂಚು. ನಿತ್ಯ ಯಾರನ್ನು ನೋಡುತ್ತಾ ಉಣ್ಣುತ್ತೀರೋ ನೀವು ಅವರೇ ಆಗಿಬಿಡುತ್ತೀರಿ. ಅದಕ್ಕೇ ನಮ್ಮಲ್ಲಿ ಮಕ್ಕಳಿಗೆ ಅಕ್ಷರ ತಿದ್ದಿಸುವ ಮೊದಲೇ ಮುಖ ತೊಳೆಯುವುದನ್ನು ಕಲಿಸುತ್ತಾರೆ.

ಅದೂ ಹೇಗೆಂದರೆ ಹಾಗೆ ತೊಳೆದರಾಗದು. ಚರ್ಮ ಯಾವ ಬಗೆಯದು ಎಂದು ತಿಳಿದಿರಬೇಕು. ಎಣ್ಣೆ ಚರ್ಮದವರಿಗೆ ಇನ್ನೊಬ್ಬರ ಮುಖ ಬೇಗ ಹತ್ತುತ್ತದೆ, ಬೇಗ ಬಿಡುತ್ತದೆ. ಒಣ ಚರ್ಮದವರಿಗೆ ಹತ್ತುವುದು ನಿಧಾನ, ಆದರೆ ಹತ್ತಿದ್ದು ಒಳಕ್ಕೆ ಇಳಿದು ಕೂರುತ್ತದೆ. ಮಿಶ್ರ ಚರ್ಮದವರಿಗೆ ಹಣೆ ಮತ್ತು ಮೂಗು ಮಾತ್ರ ಸರಿಯುತ್ತವೆ. ನಮ್ಮ ಪಕ್ಕದ ಮನೆಯ ಜಯಶೀಲಮ್ಮನದು ಮಿಶ್ರ ಚರ್ಮ. ಅವಳು ಸಂಜೆ ಹೊತ್ತು ಜಗಲಿಯಲ್ಲಿ ಕೂತು ಹೂ ಕಟ್ಟುತ್ತಾಳೆ, ಎದುರು ಮನೆಯ ಪೋಸ್ಟ್ ಮಾಸ್ತರರು ಅವರ ಜಗಲಿಯಲ್ಲಿ ಕೂತು ಪೇಪರ್ ಓದುತ್ತಾರೆ. ಈಗ ಅವಳ ಮೂಗು ಪೂರ್ತಿ ಪೋಸ್ಟ್ ಮಾಸ್ತರರದು. ಬೀದಿಯವರು ಯಾರೂ ಈ ವಿಷಯ ಎತ್ತುವುದಿಲ್ಲ.

ನನ್ನದು ಎಣ್ಣೆ ಚರ್ಮ. ಬೆಳಗ್ಗೆ ಕಡಲೆಹಿಟ್ಟಿಗೆ ಚಿಟಿಕೆ ಅರಿಶಿನ, ಪನ್ನೀರು ಬೆರೆಸಿ ತೊಳೆಯುತ್ತೇನೆ. ಸಂಜೆ ಬರೀ ತಣ್ಣೀರು. ಭಾನುವಾರ ಮುಲ್ತಾನಿ ಮಿಟ್ಟಿ. ಜ್ವರ ಬಂದು ಮಲಗಿದಾಗಲೂ ತಪ್ಪಿಸಿದವಳಲ್ಲ. ಅದಕ್ಕೇ ಈ ವಯಸ್ಸಿನಲ್ಲೂ ನನ್ನ ಮುಖ ನನ್ನದಾಗಿಯೇ ಇತ್ತು.

ನಮ್ಮ ಯಜಮಾನರದು ಬೇರೆಯೇ ಧಾಟಿ. ಹೆಸರು ಓಂಕಾರಪ್ಪ. ಬಸ್ ನಿಲ್ದಾಣದ ಎದುರಿಗೆ ಮಿರ್ಚಿ, ಮಂಡಕ್ಕಿಯ ಅಂಗಡಿ. ಎದ್ದ ಕೂಡಲೇ ಎರಡು ಚೊಂಬು ಬಿಸಿನೀರು ಮುಖಕ್ಕೆ ಎರಚಿಕೊಂಡು, ಲುಂಗಿಯ ತುದಿಯಲ್ಲಿ ಒರೆಸಿ, ಹಣೆಗೆ ಮೂರು ಬೆರಳಲ್ಲಿ ವಿಭೂತಿ ಎಳೆದರೆ ಆರೈಕೆ ಮುಗಿಯಿತು. ಆಮೇಲೆ ದಿನವಿಡೀ ಬಾಣಲೆಯ ಮುಂದೆ. ಕೇಳಿದರೆ ನಾಳೆಯಿಂದ ಶುರು ಮಾಡುತ್ತೇನೆ ಎನ್ನುತ್ತಾರೆ. ಯುಗಾದಿಗೆ ಶುರು ಮಾಡುತ್ತೇನೆ ಎಂದರು, ಶ್ರಾವಣಕ್ಕೆ ಎಂದರು, ಯಾವ ವರ್ಷದ ಶ್ರಾವಣವೆಂದು ನಾನೂ ಕೇಳಲಿಲ್ಲ, ಅವರೂ ಹೇಳಲಿಲ್ಲ.

ಪರಿಣಾಮ ಏನಾಯಿತೆಂದರೆ, ಇಪ್ಪತ್ತು ವರ್ಷಗಳಲ್ಲಿ ಅವರ ಮುಖ ಪೂರ್ತಿ ನನ್ನದಾಯಿತು. ನನ್ನ ಹುಬ್ಬು, ನನ್ನ ಮೊಂಡು ಮೂಗು, ನನ್ನ ಕೆನ್ನೆಯ ಗುಳಿ, ಅದರ ಕೆಳಗೆ ಒಂದು ಮೀಸೆ. ಅಂಗಡಿಗೆ ಬಂದವರು ಅಕ್ಕಾ ಎಂದು ಕರೆದು, ಮೀಸೆ ಕಂಡು ನಾಲಗೆ ಕಚ್ಚಿಕೊಳ್ಳುತ್ತಿದ್ದರು. ಅವರಿಗೆ ಅದೂ ನಗುವ ವಿಷಯ. ನನ್ನ ಪಾಡು ಕೇಳಿ. ನನ್ನ ಮುಖವೇ ನನ್ನೆದುರು ಕೂತು ಸೊರ್ ಸೊರ್ ಎಂದು ಸಾರು ಕುಡಿಯುವುದನ್ನು ನಾನು ಮೂರು ಹೊತ್ತೂ ನೋಡಬೇಕು. ಬೈಯ್ಯಲು ಹೋದರೆ ನನ್ನ ಮುಖವೇ ಏನೂ ಅರಿಯದಂತೆ ನನ್ನತ್ತ ಕಣ್ಣು ಪಿಳಿಪಿಳಿ ಮಾಡುತ್ತದೆ. ನನ್ನ ಮುಖ ಅಷ್ಟು ಪೆದ್ದಾಗಿ ಕಾಣಬಲ್ಲದು ಎಂದು ನನಗೆ ಮೊದಲು ಗೊತ್ತಿರಲಿಲ್ಲ.

ಹೇಗೋ ಹೊಂದಿಕೊಂಡು ಇರುತ್ತಿದ್ದೆವೇನೋ. ಆದರೆ ಅತ್ತೆ ಕಣ್ಣಿನ ಆಪರೇಷನ್‌ಗೆ ಒಪ್ಪಿಬಿಟ್ಟರು.

ನಮ್ಮ ಅತ್ತೆ ಹಾಲಮ್ಮ. ನಾನು ಸೊಸೆಯಾಗಿ ಬಂದ ಸ್ವಲ್ಪ ದಿನಕ್ಕೇ ಅವರ ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಕಣ್ಣಿಗೆ ಕತ್ತಿ ತಾಗಿಸಿಕೊಳ್ಳುವುದಿಲ್ಲ ಎಂದು ಹಟ ಹಿಡಿದು ಇಷ್ಟು ವರ್ಷವೂ ಕತ್ತಲಲ್ಲೇ ಕೂತರು. ಕಣ್ಣು ಕಾಣದವರ ಮುಖ ನಮ್ಮೂರಲ್ಲಿ ಎಲ್ಲಿಗೂ ಸರಿಯುವುದಿಲ್ಲ. ಹಾಗಾಗಿ ಅತ್ತೆಯ ಮುಖ ಅಂದು ಹೇಗಿತ್ತೋ ಹಾಗೇ ಇತ್ತು, ಸುಕ್ಕು ಮಾತ್ರ ಹೆಚ್ಚಿತ್ತು. ಅಗಲ ಹಣೆ, ಉದ್ದ ಮೂಗು, ಸ್ವಲ್ಪ ಜೋಲುವ ರೆಪ್ಪೆ. ಬಂದವರ ಮುಂದೆಲ್ಲ ಅತ್ತೆ ತಮ್ಮ ಮಗ ತಮ್ಮದೇ ಅಚ್ಚು ಎಂದು ಹೇಳಿಕೊಳ್ಳುತ್ತಿದ್ದರು. ಬಂದವರು ಮೀಸೆ ಹೊತ್ತ ನನ್ನ ಮುಖವನ್ನು ಒಮ್ಮೆ ನೋಡಿ, ಹೌದು ಹಾಲಮ್ಮಕ್ಕ, ನಿಮ್ಮದೇ ಅಚ್ಚು ಎನ್ನುತ್ತಿದ್ದರು. ಇಡೀ ಬೀದಿ ಸೇರಿ ಆ ಮುದುಕಿಗೆ ವರ್ಷಗಟ್ಟಲೆ ಸುಳ್ಳು ಹೇಳಿದೆ.

ದೊಡ್ಡಾಸ್ಪತ್ರೆಗೆ ಹೊರಗಿನಿಂದ ಹೊಸ ಕಣ್ಣಿನ ಡಾಕ್ಟರು ಬಂದರು, ನೋವೇ ಆಗುವುದಿಲ್ಲವಂತೆ ಎಂದು ಜಯಶೀಲಮ್ಮ ಬಂದು ಊದಿದಳು. ಅತ್ತೆ ಎರಡು ದಿನ ಯೋಚಿಸಿ, ಒಂದು ಷರತ್ತು ಹಾಕಿ ಒಪ್ಪಿದರು.

"ಕಟ್ಟು ಬಿಚ್ಚಿದ ಕೂಡ್ಲೆ ಮೊದ್ಲು ನನ್ನ ಮಗನ ಮುಖ ಕಾಣ್ಬೇಕು. ಇಷ್ಟು ವರ್ಷ ಅದೊಂದೇ ಮುಖ ನೆನೆಸ್ಕೊಂಡು ಕುಂತಿದೀನಿ."

ಆಪರೇಷನ್‌ಗೆ ಇದ್ದದ್ದು ಒಂದೂವರೆ ತಿಂಗಳು. ಕಟ್ಟು ಬಿಚ್ಚಿದಾಗ ಮಗನ ಕತ್ತಿನ ಮೇಲೆ ಸೊಸೆಯ ಮುಖ ಕೂತಿದ್ದರೆ? ನಮ್ಮೂರಲ್ಲಿ ಅಂಥ ಹೆಂಡತಿಯನ್ನು ಗಂಡನನ್ನೇ ಅಳಿಸಿಹಾಕಿದವಳು ಎಂದು ಆಡಿಕೊಳ್ಳುತ್ತಾರೆ. ನಾನು ಬೆಳಗಾಗೆದ್ದು ಬಡಿದುಕೊಂಡದ್ದು ಯಾರಿಗೂ ನೆನಪಿರುವುದಿಲ್ಲ. ನಾನು ಮಾಡಿದ ಸಾರಿಗೆ ಇಪ್ಪತ್ತು ವರ್ಷ ಉಪ್ಪು ಹೆಚ್ಚು, ಹುಳಿ ಕಡಿಮೆ ಎಂದವರು ಇದನ್ನು ಬಿಟ್ಟಾರೆಯೇ? ಬೈಗುಳದ ಭಯ ಇರಲಿ, ಆ ಮುದುಕಿ ಕಣ್ಣು ಬಿಟ್ಟು ಮಗನನ್ನು ಹುಡುಕಿ ಹುಡುಕಿ ಸೋಲುವುದನ್ನು ನೆನೆಸಿಕೊಂಡರೆ ನನಗೆ ಅನ್ನ ಸೇರುತ್ತಿರಲಿಲ್ಲ.

ಮಾರನೆಯ ಬೆಳಗ್ಗೆಯೇ ಯಜಮಾನರನ್ನು ಬಚ್ಚಲ ಕಟ್ಟೆಯ ಮೇಲೆ ಕೂರಿಸಿದೆ. ಬಾಣಲೆಯ ಮುಂದೆ ನಿಲ್ಲುವ ಮನುಷ್ಯ, ಮೂಗಿನ ಮೇಲೆ ಸದಾ ಮಿರುಗುವ ಜಿಡ್ಡು. ಎಣ್ಣೆ ಚರ್ಮವೇ, ಅದರಲ್ಲಿ ಕೇಳುವುದೇನಿದೆ ಎಂದುಕೊಂಡೆ. ನನ್ನ ಕಡಲೆಹಿಟ್ಟನ್ನೇ ಕಲಸಿ ಉಜ್ಜಿದೆ. ಮೂರು ದಿನಕ್ಕೊಮ್ಮೆ ಮುಲ್ತಾನಿ ಮಿಟ್ಟಿಯನ್ನೂ ಹಚ್ಚಿದೆ. ಬೇಗ ಬಿಡಲಿ ಎಂದು ನಿಂಬೆರಸವನ್ನೂ ಹಿಂಡಿದೆ. ಅವರು ಉರಿ ಉರಿ ಎಂದು ಕುಣಿದರು, ನಾನು ಸುಮ್ಮನೆ ಕೂತುಕೊಳ್ಳಿ ಎಂದು ಗದರಿದೆ. ವಾರ ಕಳೆಯುವಷ್ಟರಲ್ಲಿ ಕೆನ್ನೆ ಬಿಳಿಚಿ ಹೊಟ್ಟು ಎದ್ದಿತು, ಬಾಯಿಯ ಪಕ್ಕ ಬಿರುಕು ಬಿಟ್ಟಿತು. ಆ ಬಿರುಕುಗಳಲ್ಲೆಲ್ಲ ನನ್ನ ಮುಖ ಇನ್ನೂ ಆಳಕ್ಕೆ ಇಳಿಯಿತು. ಅದುವರೆಗೆ ಬಾರದಿದ್ದ ನನ್ನ ಗದ್ದದ ಮಚ್ಚೆ ಕೂಡ ಅವರ ಗದ್ದದ ಮೇಲೆ ಬಂದು ಕೂತಿತು. ನನಗೆ ಅಳು ಬಂತು, ಅವರು ಕನ್ನಡಿಯಲ್ಲಿ ಮಚ್ಚೆ ನೋಡಿಕೊಂಡು ಚೆನ್ನಾಗಿದೆಯಲ್ಲ ಎಂದರು. ಇಂಥವರನ್ನು ಕಟ್ಟಿಕೊಂಡು ಏಗಬೇಕು.

ತಪ್ಪು ಎಲ್ಲಿ ಎಂದು ತಿಳಿದದ್ದು ಅತ್ತೆಯಿಂದಲೇ, ಅದೂ ನಾನು ಕೇಳದೆ. ಮಗ ಬಚ್ಚಲಲ್ಲಿ ಉರಿ ಎಂದು ಕೂಗುವುದನ್ನು ಕೇಳಿ ಅತ್ತೆ ಹಳೆಯ ಮಾತು ತೆಗೆದರು. ಚಿಕ್ಕಂದಿನಲ್ಲೂ ಅವನ ಕೆನ್ನೆ ಚಳಿ ಬೀಳುವ ಮೊದಲೇ ಒಡೆಯುತ್ತಿತ್ತಂತೆ. ನೀರು ತಾಗಿಸಿದರೆ ಊರು ಒಂದು ಮಾಡುತ್ತಿದ್ದನಂತೆ. ಅದಕ್ಕೇ ತಾವು ತೊಳೆಯುವ ಗೋಜಿಗೇ ಹೋಗದೆ, ಹಾಲಿನ ಕೆನೆ ಸವರಿ ತೊಡೆಯ ಮೇಲೆ ಮಲಗಿಸಿಕೊಂಡು ಮುಖ ನೋಡುತ್ತಾ ಕೂರುತ್ತಿದ್ದರಂತೆ. ಅವನು ಬಾಯಿಯ ಸುತ್ತಲಿನ ಕೆನೆ ನೆಕ್ಕಿ ಮುಗಿಸುತ್ತಿದ್ದನಂತೆ. ನಾನು ಹಣೆ ಹಣೆ ಬಡಿದುಕೊಂಡೆ. ಮೂಗಿನ ಮೇಲಿನ ಜಿಡ್ಡು ಬಾಣಲೆಯದು, ಚರ್ಮದ್ದಲ್ಲ. ಅಂಗಡಿಗೆ ರಜೆ ಹಾಕಿಸಿ, ತೊಳೆದು, ಒಂದು ಗಂಟೆ ಏನೂ ಹಚ್ಚದೆ ಬಿಟ್ಟು ನೋಡಬೇಕಿತ್ತು. ಎಳೆ ಮಗುವಿಗೂ ಮಾಡುವ ಪರೀಕ್ಷೆ ಅದು. ಆ ಭಾನುವಾರ ಮಾಡಿದೆ. ಹಣೆಗೆ ಒತ್ತಿದ ತೆಳು ಕಾಗದ ಜಿಡ್ಡು ಹತ್ತದೆ ಒಣಗಿಯೇ ಎದ್ದು ಬಂತು. ಮುಖ ಬಿಗಿಯುತ್ತಿದೆ ಎಂದು ಅವರು ಬಾಯಿ ತೆರೆಯಲೂ ಒದ್ದಾಡಿದರು.

ಅಲ್ಲಿಂದ ಎಲ್ಲ ಬದಲಿಸಿದೆ. ಬಿಸಿನೀರು ಬಂದ್, ಉಗುರು ಬೆಚ್ಚಗಿನ ನೀರು. ಕಡಲೆಹಿಟ್ಟಿನ ಬದಲು ಹಾಲಲ್ಲಿ ಕಲಸಿದ ಹೆಸರು ಹಿಟ್ಟು, ಅದೂ ಉಜ್ಜುವ ಹಾಗಿಲ್ಲ, ಸವರಬೇಕು. ಒರೆಸುವಾಗ ಟವೆಲ್ ಒತ್ತಬೇಕು, ಎಳೆಯಬಾರದು. ಹಸಿ ಆರುವ ಮೊದಲೇ ಕೆನೆ. ಸಂಜೆ ಅಂಗಡಿಯಿಂದ ಬಂದ ಕೂಡಲೇ ಇನ್ನೊಮ್ಮೆ, ಮಲಗುವ ಮುಂಚೆ ಎರಡು ಹನಿ ಕೊಬ್ಬರಿ ಎಣ್ಣೆ. ವಿಭೂತಿ ಕೆನೆ ಹಿಡಿದ ಮೇಲೆ. ಬಿಸಿಲಿಗೆ ಹೋದರೆ ತಲೆಗೆ ಟವೆಲ್. ಒಂದು ವಾರ ಇದಿಷ್ಟೇ, ಹೊಸದೇನನ್ನೂ ಸೇರಿಸುವಂತಿಲ್ಲ. ಹೇಳುವುದು ಸುಲಭ. ಮಾಡಿಸುವವಳ ಕಷ್ಟ ಮಾಡಿಸಿದವಳಿಗೇ ಗೊತ್ತು. ಒಂದು ದಿನ ಚೆನ್ನಾಗಿ ಮಾಡಿ ಮರುದಿನ ನಿನ್ನೆ ಮಾಡಿದ್ದೇನಲ್ಲ ಎನ್ನುತ್ತಾರೆ. ನಿನ್ನೆ ಉಂಡಿದ್ದೀರಲ್ಲ, ಇವತ್ತು ಯಾಕೆ ತಟ್ಟೆ ಹಾಕಿಸಿಕೊಂಡಿರಿ ಎಂದು ಕೇಳಿದೆ. ಕೆನೆ ಇಟ್ಟ ಬಟ್ಟಲು ಖಾಲಿಯಾಗಿರುತ್ತಿತ್ತು, ಮುಖ ಒಣಗಿರುತ್ತಿತ್ತು. ನಲವತ್ತೆಂಟು ವರ್ಷದ ಗಂಡಸು ಸಕ್ಕರೆ ಹಾಕಿಕೊಂಡು ತಿಂದಿದ್ದ. ಕೊನೆಗೆ ಬೆಳಗ್ಗೆ, ಸಂಜೆ ಎರಡೂ ಹೊತ್ತು ಅವರ ಎದುರಿಗೇ ಮಣೆ ಹಾಕಿಕೊಂಡು ಕೂತು ಕಾಯತೊಡಗಿದೆ.

ಫಲ ಕಾಣಿಸಿತು. ಮೊದಲು ಗದ್ದದ ಮಚ್ಚೆ ಹೋಯಿತು. ಆಮೇಲೆ ನನ್ನ ಹುಬ್ಬು ಸಡಿಲವಾಯಿತು. ಒಂದು ಬೆಳಗ್ಗೆ ಟವೆಲ್ ಒತ್ತಿ ತೆಗೆದಾಗ ಅಗಲ ಹಣೆ, ಉದ್ದ ಮೂಗು, ಜೋಲುವ ರೆಪ್ಪೆ ಎದುರಿಗಿದ್ದವು. ನನ್ನನ್ನು ನೋಡಲು ಬಂದಿದ್ದ ಗಂಡು ಇವನೇ ಎಂದು ನನಗೆ ನಾಚಿಕೆಯೇ ಆಯಿತು. ಬೀದಿಯವರು ಬಂದು ನೋಡಿ ಹೋದರು. ಜಯಶೀಲಮ್ಮ ಪೋಸ್ಟ್ ಮಾಸ್ತರರ ಮೂಗು ಒರೆಸಿಕೊಳ್ಳುತ್ತಾ, ಹಾಲಮ್ಮಕ್ಕನ ಅಚ್ಚೇ ಸರಿ ಎಂದು ಈ ಸಲ ನಿಜವಾಗಿ ಹೇಳಿದಳು. ನಾನು ಗೆದ್ದೆ ಎಂದುಕೊಂಡೆ.

ಆದರೂ ಬಿಡುವಂತಿರಲಿಲ್ಲ. ಒಂದು ದಿನ ತಪ್ಪಿದರೆ ಮತ್ತೆ ನನ್ನ ಮೂಗು ಬಂದು ಕೂರುವ ಭಯ. ಆಪರೇಷನ್‌ನ ಹಿಂದಿನ ವಾರವೆಲ್ಲ ಅತ್ತೆಯ ಸೀರೆ ಒಗೆಯುವುದು, ರಕ್ತ ಪರೀಕ್ಷೆಗೆ ಕರೆದೊಯ್ಯುವುದು, ಅಂಗಡಿಗೆ ಬೀಗ ಹಾಕಿಸುವುದು, ನಡುವೆ ಯಜಮಾನರ ಮುಂದೆ ಕೂತು ಅವರ ಮುಖವನ್ನೇ ಕಾಯುವುದು. ನನ್ನ ಕಡಲೆಹಿಟ್ಟಿನ ಡಬ್ಬಿಯ ಮುಚ್ಚಳ ತೆಗೆಯಲೂ, ಕನ್ನಡಿ ನೋಡಲೂ ಪುರಸೊತ್ತಿರಲಿಲ್ಲ. ಆಮೇಲೆ ತೊಳೆದರಾಯಿತು ಎಂದುಕೊಳ್ಳುತ್ತಿದ್ದೆ. ನಾನು, ಜ್ವರದಲ್ಲೂ ತಪ್ಪಿಸದವಳು.

ಆಸ್ಪತ್ರೆಗೆ ಸೇರಿದ ಮೇಲೆ ಇನ್ನೊಂದು ವಿಚಿತ್ರ ಶುರುವಾಯಿತು. ಅಂಗಡಿಯಿಲ್ಲ, ಬಾಣಲೆಯ ಹೊಗೆಯಿಲ್ಲ, ಮಾಡಲು ಬೇರೆ ಕೆಲಸವಿಲ್ಲ. ನಮ್ಮ ಯಜಮಾನರಿಗೆ ಇದ್ದಕ್ಕಿದ್ದಂತೆ ಮುಖ ತೊಳೆಯುವುದರಲ್ಲಿ ರುಚಿ ಹತ್ತಿತು. ನಾನು ಹೇಳದೆಯೇ ಎದ್ದು ನಲ್ಲಿಯ ಹತ್ತಿರ ಹೋಗುತ್ತಾರೆ, ಹೆಸರು ಹಿಟ್ಟು ಕಲಸುತ್ತಾರೆ, ಕೆನೆ ಸವರಿಕೊಂಡು ಬೆಂಚಿನ ಮೇಲೆ ಕಣ್ಣು ಮುಚ್ಚಿ ಕೂರುತ್ತಾರೆ. ಬಂದು ಹೋಗುವವರಿಗೆ ಒಣ ಚರ್ಮದ ಬಗ್ಗೆ ಉಪದೇಶ ಬೇರೆ. ಇಪ್ಪತ್ತು ವರ್ಷ ನಾನು ಬಡಿದುಕೊಂಡ ಮಾತನ್ನೇ ತಮ್ಮ ಸ್ವಂತದ್ದು ಎಂಬಂತೆ ಹೇಳುತ್ತಿದ್ದರು. ಅವರ ದವಡೆ ಯಾಕೋ ಚೌಕಾಗಿ ಕಂಡಿತು, ಕಿವಿಯ ಹತ್ತಿರ ಏನೋ ಬದಲಾದಂತಿತ್ತು. ನಿದ್ದೆಗೆಟ್ಟು ಊದಿರಬೇಕು ಎಂದು ಸುಮ್ಮನಾದೆ. ಅವರೂ ಒಮ್ಮೆ ನನ್ನನ್ನೇ ದಿಟ್ಟಿಸಿ, ನಿನ್ನ ಮುಖ ಯಾಕೋ ಹೆಂಗೋ ಕಾಣ್ತದಲ್ಲೇ ಎಂದು ಏನೋ ಹೇಳಲು ಬಂದರು. ನಿಮ್ಮದು ನೋಡ್ಕೊಳ್ರಿ ಸಾಕು ಎಂದು ಬಾಯಿ ಮುಚ್ಚಿಸಿದೆ. ಆ ಆಸ್ಪತ್ರೆಯಲ್ಲಿ ಒಂದು ಕನ್ನಡಿಯೂ ಇರಲಿಲ್ಲ.

ಆಪರೇಷನ್ ಸರಿಯಾಗಿ ಆಯಿತು. ಮರುದಿನ ಬೆಳಗ್ಗೆ ನರ್ಸಮ್ಮ ಬಂದು ಕಟ್ಟು ಬಿಚ್ಚಲು ಕೂತಳು. ಯಜಮಾನರು ತಲೆ ಬಾಚಿ, ಇಸ್ತ್ರಿ ಅಂಗಿ ಹಾಕಿ, ಮಂಚದ ಎದುರಿಗೇ ನಿಂತರು. ಬೆಳಕು ಅವರ ಮೇಲೇ ಬೀಳಲಿ ಎಂದು ಕಿಟಕಿ ತೆಗೆದೆ. ಚಳಿಗೆ ತಲೆ ತುಂಬ ಶಾಲು ಹೊದ್ದು, ಕಾಫಿಯ ಫ್ಲಾಸ್ಕ್ ಹಿಡಿದು ನಾನು ಪಕ್ಕಕ್ಕೆ ಸರಿದೆ. ಹತ್ತಿ ತೆಗೆದ ಮೇಲೆ ಅತ್ತೆಯ ಕಣ್ಣಲ್ಲಿ ನೀರು ಸುರಿಯಿತು. ರೆಪ್ಪೆ ಬಡಿದು ಬಡಿದು ನೋಡಿದರು. ಅವರ ನೋಟ ಯಜಮಾನರ ಮೇಲೆ ಬಂದು, ಆಸ್ಪತ್ರೆಯ ಯಾರೋ ನೌಕರ ಎಂಬಂತೆ ಅಲ್ಲಿ ನಿಲ್ಲದೆ ಮುಂದೆ ಹೋಯಿತು. ಹೋಗಿ ನನ್ನ ಮೇಲೆ ನಿಂತಿತು. ಎರಡೂ ಕೈ ಚಾಚಿದರು.

"ಬಂದ್ಯಾ ಮಗ. ಬಾ ಇಲ್ಲಿ."

ನಾನು ಹಿಂದಕ್ಕೆ ತಿರುಗಿ ನೋಡಿದೆ, ಗೋಡೆ ಬಿಟ್ಟು ಯಾರೂ ಇರಲಿಲ್ಲ. ಅತ್ತೆ ನನ್ನ ಶಾಲು ಹಿಡಿದು ಎಳೆದು, ಮುಖವನ್ನು ಎರಡೂ ಅಂಗೈಯಲ್ಲಿ ತುಂಬಿಕೊಂಡರು. ಹಣೆ ಸವರಿದರು, ಮೂಗು ಸವರಿದರು, ದೃಷ್ಟಿ ತೆಗೆದು ನೆಟಿಗೆ ಮುರಿದರು.

"ಎಷ್ಟು ಸೊರಗಿದ್ಯೋ ನನ್ನಪ್ಪ. ಅವ್ಳು ಹೊಟ್ಟೆಗೆ ಸರಿಯಾಗಿ ಹಾಕ್ತಾಳೋ ಇಲ್ವೋ."

ಆಗ ನನಗೆ ತಲೆಯೊಳಗೆ ಎಲ್ಲ ಒಟ್ಟಿಗೇ ಹೊಳೆಯಿತು. ಎಣ್ಣೆ ಚರ್ಮ, ವಾರವಿಡೀ ಹಿಟ್ಟು ತಾಗದ ಮುಖ, ಎರಡೂ ಹೊತ್ತು ಅವರೆದುರು ಕೂತು ನೋಡಿದ್ದು. ಗಂಡನ ಮುಖದಲ್ಲಿದ್ದ ಅಗಲ ಹಣೆ, ಉದ್ದ ಮೂಗು ಈಗ ನನ್ನ ಮೇಲಿದ್ದವು. ಅವೂ ಅವರದಲ್ಲ. ನೀರು ಕಾಣದ ಆ ಮಗುವಿನ ಮುಖಕ್ಕೆ ತೊಡೆಯ ಮೇಲೆ ಮಲಗಿಸಿಕೊಂಡು ನೋಡುತ್ತಿದ್ದ ತಾಯಿಯ ಮುಖ ಹತ್ತಿತ್ತು. ಅದೂ ತೊಳೆದು ಹೋದ ಮೇಲೆ ಉಳಿದದ್ದು, ಅಲ್ಲಿ ಇಸ್ತ್ರಿ ಅಂಗಿಯಲ್ಲಿ ನಿಂತಿದ್ದ ಚೌಕು ದವಡೆಯ ಗಂಡಸು. ಅವನ ಸ್ವಂತ ಮುಖವನ್ನು ಹೆತ್ತವಳೂ ಕಂಡಿರಲಿಲ್ಲ, ಕಟ್ಟಿಕೊಂಡವಳೂ ಕಂಡಿರಲಿಲ್ಲ.

ಅತ್ತೆ, ನಾನು ನಿಮ್ಮ ಸೊಸೆ ಎಂದು ಆ ಕ್ಷಣವೇ ಹೇಳಬೇಕಿತ್ತು. ಹೇಳಲಿಲ್ಲ. ಆ ಮನೆಗೆ ಕಾಲಿಟ್ಟಾಗಿನಿಂದ ಆ ಕೈ ಒಂದು ಸಲವೂ ನನ್ನ ಕೆನ್ನೆಯ ಮೇಲೆ ಬಂದಿರಲಿಲ್ಲ. ಬೇರೆಯವರಿಗೆ ಬಂದ ಮುದ್ದು ಎಂದು ಗೊತ್ತಿದ್ದೂ ನಾನು ಬಗ್ಗಿಕೊಂಡೇ ನಿಂತೆ.

ಅಷ್ಟರಲ್ಲಿ ಯಜಮಾನರು, ಅವ್ವಾ, ನಾನಿಲ್ಲಿದೀನಿ ಎಂದರು. ಅತ್ತೆ ಬೆಚ್ಚಿ ಆ ಕಡೆ ತಿರುಗಿದರು. ಮಗನ ದನಿ, ಗುರುತಿಲ್ಲದ ಮುಖ. ಅವನತ್ತ ನೋಡಿದರು, ನನ್ನತ್ತ ನೋಡಿದರು. ಇವನ್ಯಾರು, ನನ್ನ ಮಗನ ದನಿಯಲ್ಲಿ ಮಾತಾಡ್ತಾನೆ ಎಂದು ಕೇಳಿದರು. ಇನ್ನು ಸುಮ್ಮನಿರುವುದು ಪಾಪ ಎಂದು ಬಾಯಿ ಬಿಟ್ಟೆ.

"ಅತ್ತೆ, ನಾನು ಗಂಗಾಂಬಿಕ."

ಅತ್ತೆಯ ಕೈ ನನ್ನ ಕೆನ್ನೆಯ ಮೇಲೇ ನಿಂತುಬಿಟ್ಟಿತು. ಇಡೀ ಕಥೆ ಹೇಳಿದೆ, ಬೀದಿಯ ಸುಳ್ಳು, ಮೀಸೆ, ಕಡಲೆಹಿಟ್ಟು, ಕೆನೆ, ಒಂದನ್ನೂ ಮುಚ್ಚಿಡಲಿಲ್ಲ. ಬೈಯ್ಯಲಿ ಎಂದೇ ಕಾದೆ. ಅವರು ಬೈಯ್ಯಲಿಲ್ಲ. ಮನೆಗೆ ಬರುವ ದಾರಿಯಲ್ಲಿ ಆಟೋದೊಳಗೆ ಮಗನ ದನಿ ಬಂದಾಗ ಕಣ್ಣು ಮುಚ್ಚುತ್ತಿದ್ದರು, ಮತ್ತೆ ತೆರೆದು ಆ ಚೌಕು ದವಡೆಯನ್ನು ನೋಡುತ್ತಿದ್ದರು. ಅವರಿಗೆ ದನಿಗೂ ಮುಖಕ್ಕೂ ತಾಳೆಯಾಗಲಿಲ್ಲ. ಯಜಮಾನರಿಗೆ ಬೇರೆಯೇ ಗುಂಗು. ಮನೆಗೆ ಬಂದವರೇ ಕನ್ನಡಿ ಇಳಿಸಿಕೊಂಡು ಮಡಿಲಲ್ಲಿಟ್ಟು ಕೂತರು. ಗದ್ದ ಮುಟ್ಟಿಕೊಂಡರು, ಕಿವಿ ಮುಟ್ಟಿಕೊಂಡರು, ಊಟಕ್ಕೆ ಕರೆದರೆ ಹೂಂ ಎಂದರೇ ಹೊರತು ಏಳಲಿಲ್ಲ. ಮತ್ತೆ ನಿಮ್ಮವ್ವನ ಎದುರು ನಾಲ್ಕಾರು ತಿಂಗಳು ಮುಖ ತೊಳೆಯದೆ ಕೂತುಬಿಡಿ, ಹಳೆಯ ಮುಖ ಬಂದೀತು ಎಂದು ನಾನೇ ಹೇಳಿದೆ. ಅವರು ತಲೆ ಎತ್ತಿ, ಇದು ನನ್ನದು ಕಣೇ ಎಂದರು. ಅಷ್ಟು ಮೆತ್ತಗೆ ಹೇಳಿದರು, ನನಗೆ ಬೈಯ್ಯಲಾಗಲಿಲ್ಲ.

ಮಾರನೆಯ ಬೆಳಗ್ಗೆ ಬೇಗ ಎದ್ದೆ. ಕಡಲೆಹಿಟ್ಟಿಗೆ ಅರಿಶಿನ, ಪನ್ನೀರು ಹಾಕಿ ಕಲಸಿಕೊಂಡು ಬಚ್ಚಲ ಕಟ್ಟೆಯ ಮೇಲೆ ಕೂತೆ. ನನಗೆ ನನ್ನ ಮುಖ ಬೇಕಿತ್ತು. ಎಣ್ಣೆ ಚರ್ಮ, ಒಂದು ಸಲ ಚೆನ್ನಾಗಿ ತೊಳೆದರೆ ಪೂರ್ತಿ ಬಿಟ್ಟುಹೋಗುತ್ತದೆ. ಹಿಟ್ಟು ಬೆರಳಿಗೆ ತೆಗೆದುಕೊಂಡಾಗ ಅತ್ತೆ ಗೋಡೆ ಹಿಡಿದುಕೊಂಡು ಬಂದು ನನ್ನೆದುರು ಮಣೆಯ ಮೇಲೆ ಕೂತರು. ತಮಗೆ ಗೊತ್ತಿದ್ದ ಮಗ ಇನ್ನು ಉಳಿದಿರುವುದು ನನ್ನ ಮೇಲೆ ಮಾತ್ರ ಎಂದು ಅವರಿಗೆ ನಾನು ಹೇಳಬೇಕಿರಲಿಲ್ಲ.

"ಇವತ್ತೊಂದಿನ ತೊಳೀಬೇಡ ಕಣೇ. ಇನ್ನೊಂಚೂರು ನೋಡ್ಕೊಂತೀನಿ."

ನನಗೆ ರೇಗಿತು. ಇವರೆಲ್ಲರ ಮುಖ ಕಾಯುತ್ತಾ ನನ್ನದನ್ನು ಕಳೆದುಕೊಂಡು ಕೂತಿದ್ದೇನೆ, ನನ್ನಂಥ ಚರ್ಮಕ್ಕೆ ಇನ್ನೊಂದು ದಿನ ಬಿಟ್ಟರೆ ಮುಖದ ತುಂಬ ಮೊಡವೆ ಏಳುತ್ತದೆ, ಅದನ್ನು ಯಾರು ನೋಡುತ್ತಾರೆ ಎಂದೆಲ್ಲ ಗೊಣಗಿದೆ. ಒಳಗಿನಿಂದ ಯಜಮಾನರು ಕೆನೆ ಎಲ್ಲಿಟ್ಟಿದ್ದೀಯ ಎಂದು ಕೂಗಿದರು, ಹುಡುಕಿಕೊಳ್ಳಿ ಎಂದು ನಾನೂ ಕೂಗಿದೆ. ಅತ್ತೆ ಕಣ್ಣು ಕಿರಿದು ಮಾಡಿ ನನ್ನನ್ನೇ ನೋಡುತ್ತಿದ್ದರು. ಹೊಸ ಕಣ್ಣು, ನಾನಿದ್ದ ಮೂಲೆಯಲ್ಲಿ ಬೆಳಕು ಸಾಲದು. ನಾನು ಬೆರಳಿನ ಹಿಟ್ಟನ್ನು ಬಟ್ಟಲಿನ ಅಂಚಿಗೆ ಸವರಿ, ಸೂರ್ಯನ ಕಡೆಗೆ ಮುಖ ತಿರುಗಿಸಿ ಕೂತೆ.